ಊರ ಶಾಲೆ ಯಾರದು?



ಪರಿಷತ್ತಿನ ಈ ದತ್ತಿ ಉಪನ್ಯಾಸದ ನಿಬಂಧನೆಯಲ್ಲಿ ನಾಡು ನುಡಿಗೆ ಸಂಬಂಧಪಟ್ಟ ಯಾವ ವಿಷಯವಾದರೂ ಆಗಬಹುದು ಎಂದಿದೆ. ನಾನು ಊರಿನ ಪ್ರಾಥಮಿಕ ಶಾಲೆಯನ್ನು ಆರಿಸಿಕೊಂಡಿದ್ದೇನೆ. ಕಾವ್ಯವಿರಲಿ, ಶಾಸನವಿರಲಿ, ಓದಬಲ್ಲವರು ಇದ್ದರೆ ತಾನೇ ಅದಕ್ಕೆ ಬೆಲೆ? ನಮ್ಮ ಕಡೆಯ ಹಳ್ಳಿಗಳಲ್ಲಿ ಆ ಓದು ಶುರುವಾಗುವುದು ಎರಡು ಮೂರು ಕೋಣೆಯ ಸರ್ಕಾರಿ ಶಾಲೆಯಲ್ಲಿ. ಆ ಶಾಲೆ ಯಾರದು ಎಂಬುದೇ ಇವತ್ತಿನ ನನ್ನ ಪ್ರಶ್ನೆ. ಇಲಾಖೆಯದು ಎಂದು ಬಹಳ ಜನ ಹೇಳುತ್ತಾರೆ. ಊರಿನದು ಎಂದು ನಾನು ಹೇಳುತ್ತೇನೆ. ಯಾಕೆ ಹಾಗೆ ಹೇಳುತ್ತೇನೆ ಎಂಬುದಕ್ಕೆ ಸ್ವಲ್ಪ ಹಿಂದಕ್ಕೆ ಹೋಗಬೇಕು.

1822ರಲ್ಲಿ ಮದರಾಸಿನ ಗವರ್ನರ್ ಆಗಿದ್ದ ಥಾಮಸ್ ಮನ್ರೋ ತನ್ನ ಪ್ರಾಂತ್ಯದ ಕಲೆಕ್ಟರುಗಳಿಂದ ಶಾಲೆಗಳ ಲೆಕ್ಕ ಕೇಳಿದ. ನಮ್ಮ ಬಳ್ಳಾರಿ ಆಗ ಮದರಾಸಿಗೆ ಸೇರಿತ್ತು. ಈಗಿನ ಅನಂತಪುರದ ಕಡೆಯ ಸೀಮೆಯೂ ಬಳ್ಳಾರಿಯೊಳಗೇ ಇತ್ತು. ಇಲ್ಲಿನ ಕಲೆಕ್ಟರ್ ಎ.ಡಿ. ಕ್ಯಾಂಬೆಲ್ 1823ರಲ್ಲಿ ಕಳಿಸಿದ ಉತ್ತರ ಉಳಿದುಕೊಂಡಿದೆ. ಧರಂಪಾಲರು 1983ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಅದನ್ನು ಯಾರು ಬೇಕಾದರೂ ಓದಬಹುದು. ಜಿಲ್ಲೆಯ ಜನಸಂಖ್ಯೆ 9,27,857. ಶಾಲೆಗಳು 533. ಕಲಿಯುವವರು 6,641. ಕನ್ನಡ ಕಲಿಸುವ ಶಾಲೆ 235, ತೆಲುಗಿನವು 226, ಮರಾಠಿಯವು 23, ಪಾರಸಿಯವು 21, ತಮಿಳಿನವು 4, ಇಂಗ್ಲಿಷಿನದು ಒಂದೇ ಒಂದು.

ಮಕ್ಕಳು ಮರಳಿನ ಮೇಲೆ ಬೆರಳಾಡಿಸಿ ಅಕ್ಷರ ಕಲಿಯುತ್ತಿದ್ದರು. ಆಮೇಲೆ ಹುಣಿಸೆಬೀಜದ ಅಂಟು, ಇದ್ದಿಲ ಪುಡಿ ಬಳಿದು ಒಣಗಿಸಿದ ಬಟ್ಟೆಯ ಕಡತದ ಮೇಲೆ ಬಳಪದಿಂದ ಬರೆಯುತ್ತಿದ್ದರು. ಬರೆದದ್ದನ್ನು ಒರೆಸಿ ಮತ್ತೆ ಬರೆಯಬಹುದಿತ್ತು. ದೊಡ್ಡ ಹುಡುಗರು ಚಿಕ್ಕವರಿಗೆ ಹೇಳಿಕೊಡುತ್ತಿದ್ದರು. ಆ ಪದ್ಧತಿಯನ್ನು ಇಂಗ್ಲೆಂಡಿನವರು ಅನುಸರಿಸಿದ್ದು ಸರಿಯಾಗಿಯೇ ಇದೆ ಎಂದು ಕ್ಯಾಂಬೆಲ್ ಮೆಚ್ಚಿ ಬರೆದಿದ್ದಾನೆ. ಐಗಳ, ಅಂದರೆ ಆ ಶಾಲೆಯ ಮೇಷ್ಟ್ರ, ಹೊಟ್ಟೆಪಾಡು ಮಕ್ಕಳ ಮನೆಯವರದು. ಕಾಳೋ ಕಾಸೋ ಕೊಡುತ್ತಿದ್ದರು; ಮಹಾನವಮಿಯಲ್ಲಿ ಮಕ್ಕಳು ಮನೆ ಮನೆಗೆ ಹೋಗಿ ಪದ ಹೇಳಿ ಕಾಣಿಕೆ ತಂದು ಐಗಳಿಗೆ ಒಪ್ಪಿಸುವ ರೂಢಿ ನಮ್ಮ ಅಜ್ಜಂದಿರ ಕಾಲದವರೆಗೂ ಇತ್ತು.

ಈ ವರದಿಯಲ್ಲಿ ಎರಡು ಅಂಕಿಗಳು ನನ್ನನ್ನು ಹಿಡಿದು ನಿಲ್ಲಿಸುತ್ತವೆ. ಒಂದು, ಸರಾಸರಿ ಲೆಕ್ಕದಲ್ಲಿ ಒಂದು ಶಾಲೆಗೆ ಬರುತ್ತಿದ್ದವರು 12 ಮಕ್ಕಳು. ಅಷ್ಟು ಮಕ್ಕಳಿಗಾಗಿ ಊರು ಒಬ್ಬ ಐಗಳನ್ನು ಸಾಕುತ್ತಿತ್ತು. ಬಡತನ ಬಂದು ಶಾಲೆಗಳು ಮುಚ್ಚುತ್ತಿವೆ ಎಂದು ಕ್ಯಾಂಬೆಲ್ ಆಗಲೇ ಬರೆಯುತ್ತಾನೆ. ವಿಲಾಯಿತಿ ಬಟ್ಟೆ ಬಂದು ನೇಕಾರರ ಮಗ್ಗ ನಿಂತಿದ್ದನ್ನು ಅವನು ಕಾರಣಗಳಲ್ಲಿ ಒಂದಾಗಿ ಎಣಿಸುತ್ತಾನೆ. ಇನ್ನೊಂದು ಅಂಕಿ, ಅಷ್ಟೂ ಮಕ್ಕಳಲ್ಲಿ ಹೆಣ್ಣುಮಕ್ಕಳು 60 ಮಾತ್ರ. ಊರ ಹೊರಗಿನ ಕೇರಿಯ ಮಕ್ಕಳಿಗೆ ಐಗಳ ಮಠದ ಬಾಗಿಲು ತೆರೆದಿರಲಿಲ್ಲ. ಹಳೆಯದೆಲ್ಲ ಚಂದವಿತ್ತು ಎನ್ನುವವರ ಜೊತೆ ನಾನು ಸೇರಲಾರೆ. ಊರಲ್ಲಿ ಶಾಲೆ ಇತ್ತು, ಆದರೆ ಅದು ಇಡೀ ಊರಿನದಾಗಿರಲಿಲ್ಲ.

ಇಡೀ ಊರಿನದಾಗಲು ಮುಂದೆ ನೂರು ವರ್ಷಕ್ಕೂ ಹೆಚ್ಚು ಬೇಕಾಯಿತು. ಧಾರವಾಡ ಸೀಮೆಯಲ್ಲಿ ಡೆಪ್ಯುಟಿ ಚನ್ನಬಸಪ್ಪನವರು ಕನ್ನಡ ಶಾಲೆಗಳಿಗಾಗಿ ಹಗಲಿರುಳು ದುಡಿದರು. 1881ರಲ್ಲಿ ತೀರಿಕೊಂಡಾಗ ಅವರಿಗೆ ಐವತ್ತೂ ತುಂಬಿರಲಿಲ್ಲ. ಮಂಗಳೂರಿನಲ್ಲಿ ಕುದ್ಮುಲ್ ರಂಗರಾಯರು ಶಾಲೆಯ ಹತ್ತಿರವೂ ಸುಳಿಯಗೊಡದ ಮಕ್ಕಳಿಗಾಗಿಯೇ ಶಾಲೆ ತೆರೆದರು, 1897ರಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಕಟ್ಟಿದರು, ಸ್ವಂತ ಜಾತಿಯವರ ಸಿಟ್ಟನ್ನು ಹೊತ್ತರು. ಗೋಖಲೆಯವರು ಕಡ್ಡಾಯ ಶಿಕ್ಷಣದ ಮಸೂದೆಯನ್ನು 1911ರಲ್ಲಿ ತಂದರು. ಬ್ರಿಟಿಷ್ ಸರ್ಕಾರ ಅದನ್ನು ಪಾಸಾಗಗೊಡಲಿಲ್ಲ. ವಿಶ್ವೇಶ್ವರಯ್ಯನವರು ದಿವಾನರಾಗಿದ್ದ ಮೈಸೂರಿನಲ್ಲಿ 1913ರಲ್ಲೇ ಪ್ರಾಥಮಿಕ ಶಿಕ್ಷಣದ ಶಾಸನವಾಯಿತು. ನಮ್ಮ ಬಳ್ಳಾರಿಗೆ ಅದು ತಾಕಲಿಲ್ಲ. ನಾವು 1953ರವರೆಗೆ ಮದರಾಸಿನವರು, ನಮ್ಮದು ಬೋರ್ಡ್ ಶಾಲೆ. ಆಚೆ ಕಡೆ ರಾಯಚೂರು, ಕಲಬುರಗಿ, ಬೀದರಿನವರ ಪಾಡು ಇನ್ನೂ ಕಷ್ಟ. ನಿಜಾಮರ ಆಳ್ವಿಕೆಯಲ್ಲಿ ಕನ್ನಡ ಮಾತಾಡುವ ಮಕ್ಕಳು ಉರ್ದುವಿನಲ್ಲಿ ಲೆಕ್ಕ ಕಲಿಯಬೇಕಾಗಿತ್ತು. ಕನ್ನಡ ಶಾಲೆ ಎಂಬುದು ಕೆಲವರಿಗೆ ಬಿಟ್ಟಿಯಾಗಿ ಬಂತು, ಕೆಲವರಿಗೆ ಹೋರಾಡಿ ಬಂತು.

ಸ್ವಾತಂತ್ರ್ಯ ಬಂದ ಮೇಲಿನ ಎರಡು ಮೂರು ದಶಕಗಳ ಕಥೆಯನ್ನು ಇಲ್ಲಿರುವ ಹಿರಿಯರು ನನಗಿಂತ ಚೆನ್ನಾಗಿ ಹೇಳಬಲ್ಲರು. ಸರ್ಕಾರ ಮಂಜೂರು ಮಾಡಿದ್ದು ಬಹಳ ಕಡೆ ಒಬ್ಬ ಮೇಷ್ಟ್ರನ್ನು ಮಾತ್ರ. ಶಾಲೆ ನಡೆದದ್ದು ಹನುಮಪ್ಪನ ಗುಡಿಯಲ್ಲಿ, ಚಾವಡಿಯಲ್ಲಿ, ಮಠದ ಪಡಸಾಲೆಯಲ್ಲಿ. ಆಮೇಲೆ ಯಾರೋ ಒಬ್ಬರು ಅರ್ಧ ಎಕರೆ ಬಿಟ್ಟುಕೊಟ್ಟರು. ಊರವರು ಬಂಡಿ ಕಟ್ಟಿ ಕಲ್ಲು ಹೇರಿದರು, ಗೋಡೆಗೆ ಮಣ್ಣು ಕಲಸಿದರು, ತೊಲೆಗೆ ಮರ ಕೊಟ್ಟರು. ಮೇಷ್ಟ್ರಿಗೆ ಇರಲು ಒಂದು ಕೋಣೆ, ಊಟಕ್ಕೆ ವಾರಕ್ಕೊಂದು ಮನೆ. ಇವತ್ತಿಗೂ ಎಷ್ಟೋ ಶಾಲೆಗಳ ಬಾಗಿಲ ಮೇಲೆ ಸ್ಥಳದಾನಿಯ ಹೆಸರಿನ ಕಲ್ಲಿದೆ. 2018ರಲ್ಲಿ ರಿಷಬ್ ಶೆಟ್ಟಿಯವರು ಮಾಡಿದ ಕಾಸರಗೋಡಿನ ಶಾಲೆಯ ಸಿನಿಮಾದ ಹೆಸರಿನಲ್ಲೇ ‘ಕೊಡುಗೆ: ರಾಮಣ್ಣ ರೈ’ ಎಂದಿತ್ತಲ್ಲ, ಅದನ್ನು ನೋಡಿ ನಾಡಿನ ಮೂಲೆ ಮೂಲೆಯವರಿಗೆ ತಮ್ಮೂರ ಶಾಲೆಯ ಬೋರ್ಡೇ ನೆನಪಾಯಿತು. ಜಾಗ ಊರಿನದು, ಕಲ್ಲು ಊರಿನದು, ಬೆವರು ಊರಿನದು. ಅದಕ್ಕೇ ಹೇಳಿದ್ದು, ಇಲಾಖೆ ಅದನ್ನು ನಡೆಸುತ್ತದೆ, ಅಷ್ಟೇ.

ಶಾಲೆಯ ಬೀರುವಿನಲ್ಲಿ ಒಂದು ದೊಡ್ಡ ಪುಸ್ತಕವಿರುತ್ತದೆ, ದಾಖಲಾತಿ ವಹಿ. ಊರಿನ ಚರಿತ್ರೆ ಬರೆಯಬೇಕೆನ್ನುವವರು ಮೊದಲು ಅದನ್ನು ತೆಗೆಸಿ ನೋಡಬೇಕು. ಹುಟ್ಟಿದ ತಾರೀಖಿನ ಅಂಕಣದಲ್ಲಿ ಪುಟಕ್ಕೆ ಪುಟವೇ ಜೂನ್ 1 ಎಂದಿರುತ್ತದೆ. ಯಾವ ಮಳೆಯಲ್ಲಿ ಹುಟ್ಟಿತು, ಯಾವ ಜಾತ್ರೆಯ ಹಿಂದುಮುಂದು ಎಂದು ತಾಯಿ ಹೇಳುತ್ತಿದ್ದಳು. ಮೇಷ್ಟ್ರು ಮಗುವಿನ ಬಲಗೈಯನ್ನು ತಲೆಯ ಮೇಲಿಂದ ಹಾಯಿಸಿ ಎಡಗಿವಿ ಮುಟ್ಟಿಸುತ್ತಿದ್ದರು. ಮುಟ್ಟಿದರೆ ಆರು ವರ್ಷ ಆಯಿತೆಂದು ಲೆಕ್ಕ, ಜೂನ್ 1 ಎಂದು ಬರೆದು ಸೇರಿಸಿಕೊಳ್ಳುತ್ತಿದ್ದರು. ಈ ಸಭೆಯಲ್ಲೂ ಜೂನ್ 1ರಂದು ‘ಹುಟ್ಟಿದವರು’ ಹತ್ತಾರು ಮಂದಿ ಇದ್ದೀರಿ. ನಿಮ್ಮ ನೌಕರಿ, ನಿವೃತ್ತಿ, ಪಿಂಚಣಿ ಎಲ್ಲವೂ ಆ ಮೇಷ್ಟ್ರ ಒಂದು ಸಾಲಿನ ಮೇಲೆ ನಿಂತವು. ಜಾತಿ ಪ್ರಮಾಣಪತ್ರಕ್ಕೆ ಅಲೆಯುವವರು ಕೊನೆಗೆ ಬಂದು ನಿಲ್ಲುವುದೂ ಅದೇ ವಹಿಯ ಮುಂದೆ. ಅದರ ಪುಟಗಳನ್ನು ತಿರುವುತ್ತ ಹೋದರೆ ಯಾವ ವರ್ಷ ಯಾವ ಕೇರಿಯ ಮೊದಲ ಮಗು ಸೇರಿತು, ಮೊದಲ ಹುಡುಗಿ ಯಾವಾಗ ಬಂದಳು, ಅವಳು ಎಷ್ಟನೇ ಇಯತ್ತೆಗೆ ಬಿಟ್ಟಳು, ಬಿಡಲು ಕಾರಣ ಏನೆಂದು ಬರೆದಿದ್ದಾರೆ, ಎಲ್ಲವೂ ಸಿಗುತ್ತದೆ. ಎಷ್ಟೋ ಕಡೆ ಈ ವಹಿಗಳನ್ನು ಗೆದ್ದಲು ತಿನ್ನುತ್ತಿದೆ. ಪರಿಷತ್ತು ಮಾಡಬೇಕಾದ ಕೆಲಸಗಳಲ್ಲಿ ಇದೂ ಒಂದು. ಒಬ್ಬ ಹುಡುಗನಿಗೆ ಸ್ಕ್ಯಾನರ್ ಕೊಟ್ಟು ಕಳಿಸಿದರೆ ಸಾಕು, ತಾಲ್ಲೂಕಿನ ಚರಿತ್ರೆ ಉಳಿಯುತ್ತದೆ.

ಮಕ್ಕಳಿಲ್ಲದ ಹೊತ್ತಿನಲ್ಲೂ ಶಾಲೆಗೆ ಕೆಲಸ ತಪ್ಪಿದ್ದಲ್ಲ. ಓಟು ಹಾಕುವುದು ಅಲ್ಲಿ, ಪಲ್ಸ್ ಪೋಲಿಯೊ ಹನಿ ಹಾಕಿಸುವುದು ಅಲ್ಲಿ. 2018ರಲ್ಲಿ ಕೊಡಗಿನ ಗುಡ್ಡ ಕುಸಿದಾಗ, 2019ರಲ್ಲಿ ಕೃಷ್ಣೆ, ಮಲಪ್ರಭೆ ಉಕ್ಕಿದಾಗ ಪರಿಹಾರ ಕೇಂದ್ರಗಳೆಂದು ತೆರೆದ ಕಟ್ಟಡಗಳಲ್ಲಿ ಶಾಲೆಗಳೇ ಹೆಚ್ಚು. 2020ರ ಕೊರೊನಾ ಕಾಲದಲ್ಲಿ ಬೆಂಗಳೂರು, ಮುಂಬೈಗಳಿಂದ ಹೊರಟು ಬಂದ ನಮ್ಮದೇ ಮಂದಿಯನ್ನು ಊರೊಳಗೆ ಬಿಡಲು ಎಲ್ಲರೂ ಹೆದರಿದಾಗ ಅವರು ಮಲಗಿದ್ದು ಶಾಲೆಯ ಕೋಣೆಗಳಲ್ಲಿ. ಆ ವರ್ಷವೇ ಶಿಕ್ಷಕರು ವಿದ್ಯಾಗಮ ಎಂದು ಗುಡಿಯ ಕಟ್ಟೆ, ಮರದ ನೆರಳು ಹುಡುಕಿಕೊಂಡು ಹೋಗಿ ಪಾಠ ಮಾಡಿದರು. 2025ರ ಸಾಮಾಜಿಕ, ಶೈಕ್ಷಣಿಕ ಸಮೀಕ್ಷೆಗೂ ದಸರಾ ರಜೆಯಲ್ಲಿ ಮನೆ ಮನೆ ಸುತ್ತಿದವರು ಅವರೇ. ಊರಿಗೆ ಆಪತ್ತು ಬಂದಾಗ, ಸರ್ಕಾರಕ್ಕೆ ಲೆಕ್ಕ ಬೇಕಾದಾಗ ನೆನಪಾಗುವ ಶಾಲೆ, ಮಗುವನ್ನು ಸೇರಿಸುವಾಗ ಮಾತ್ರ ಯಾಕೆ ಮರೆತುಹೋಗಬೇಕು?

ಬಿಸಿಯೂಟದ ಬಗ್ಗೆ ಸ್ವಲ್ಪ ಹೆಚ್ಚಾಗಿಯೇ ಮಾತಾಡುತ್ತೇನೆ, ಕ್ಷಮಿಸಿ. 2001ರಲ್ಲಿ ಸುಪ್ರೀಂ ಕೋರ್ಟು ಬೇಯಿಸಿದ ಊಟವನ್ನೇ ಕೊಡಬೇಕೆಂದು ಆಜ್ಞೆ ಮಾಡಿತು. 2002ರಲ್ಲಿ ನಮ್ಮ ಬಳ್ಳಾರಿಯೂ ಸೇರಿ ಈ ಭಾಗದ 7 ಜಿಲ್ಲೆಗಳಲ್ಲಿ ಅಕ್ಷರ ದಾಸೋಹ ಶುರುವಾಯಿತು. 2013ರಲ್ಲಿ ಹಾಲು ಬಂತು, ಈಗ ಮೊಟ್ಟೆಯೂ ಇದೆ. ಹೊಟ್ಟೆ ತುಂಬಿದ ಮಗು ಮಧ್ಯಾಹ್ನವೂ ತರಗತಿಯಲ್ಲಿ ಕೂರುತ್ತದೆ, ಇದು ಎಲ್ಲರಿಗೂ ಗೊತ್ತಿರುವ ಮಾತು. ಅದಕ್ಕಿಂತ ದೊಡ್ಡದೊಂದು ಅಲ್ಲಿ ನಡೆಯುತ್ತಿದೆ. ಒಂದೇ ಒಲೆಯ ಅನ್ನವನ್ನು, ಒಂದೇ ಸಾಲಿನಲ್ಲಿ ಕುಳಿತು, ಎಲ್ಲ ಕೇರಿಯ ಮಕ್ಕಳು ದಿನಾ ಉಣ್ಣುತ್ತಾರೆ. ನಮ್ಮ ಊರುಗಳಲ್ಲಿ ಮದುವೆಯಲ್ಲಿ ಆಗದ್ದು, ಜಾತ್ರೆಯಲ್ಲಿ ಆಗದ್ದು, ಶಾಲೆಯ ವರಾಂಡದಲ್ಲಿ ಆಗುತ್ತಿದೆ. ಸುಲಭವಾಗಿ ಆಗಲಿಲ್ಲ. ಅಡುಗೆ ಮಾಡುವ ತಾಯಿ ದಲಿತಳೆಂದು ಮಕ್ಕಳನ್ನು ಊಟಕ್ಕೆ ಕಳಿಸದ ಊರುಗಳ ಸುದ್ದಿಯನ್ನು ನಾವೆಲ್ಲ ಪತ್ರಿಕೆಯಲ್ಲಿ ಓದಿದ್ದೇವೆ. ಅಂಥ ಕಡೆ ಮುಖ್ಯೋಪಾಧ್ಯಾಯರು ಗಟ್ಟಿಯಾಗಿ ನಿಂತರೆ, ಊರಿನ ನಾಲ್ಕು ಹಿರಿಯರು ಬಂದು ಅದೇ ಸಾಲಿನಲ್ಲಿ ಕುಳಿತು ಉಂಡರೆ, ಮಾತು ಅಲ್ಲಿಗೇ ನಿಲ್ಲುತ್ತದೆ. ಹಿರಿಯರು ಬರದಿದ್ದರೆ ನಿಲ್ಲುವುದಿಲ್ಲ. ಬಸವಣ್ಣನ ನಾಡು ಎಂದು ವೇದಿಕೆಯಲ್ಲಿ ಹೇಳುವವರು ಆ ಸಾಲಿನಲ್ಲಿ ಒಂದು ದಿನ ಕುಳಿತು ಬರಬೇಕು.

ಈಗ ಕಹಿಯಾದ ಮಾತಿಗೆ ಬರೋಣ. ಬೆಳಗ್ಗೆ ಏಳೂವರೆಗೆ ಹಳದಿ ವ್ಯಾನು ಊರೊಳಗೆ ಬರುತ್ತದೆ. ಟೈ ಕಟ್ಟಿದ ಮಕ್ಕಳನ್ನು ಹತ್ತಿಸಿಕೊಂಡು ಹನ್ನೆರಡು ಹದಿನೈದು ಕಿಲೋಮೀಟರು ದೂರದ ಪಟ್ಟಣಕ್ಕೆ ಹೋಗುತ್ತದೆ. ಆ ಮಕ್ಕಳ ಅಪ್ಪ ಅಮ್ಮಂದಿರನ್ನು ನಾನು ಬೈಯುವುದಿಲ್ಲ. ಇಂಗ್ಲಿಷ್ ಬಂದರೆ ಮಗಳಿಗೆ ನೆರಳಿನ ಕೆಲಸ ಸಿಗುತ್ತದೆ ಎಂದು ಬಿಸಿಲಲ್ಲಿ ದುಡಿಯುವವನು ಆಸೆಪಟ್ಟರೆ ಅದರಲ್ಲಿ ತಪ್ಪೇನಿದೆ? ನಮ್ಮ ಸರ್ಕಾರಿ ಶಾಲೆಗಳಲ್ಲಿ 2007ರಿಂದ ಒಂದನೇ ತರಗತಿಯಲ್ಲೇ ಇಂಗ್ಲಿಷ್ ಒಂದು ವಿಷಯವಾಗಿ ಇದೆ. ಅದನ್ನು ಚೆನ್ನಾಗಿ ಕಲಿಸಬಲ್ಲ ಶಿಕ್ಷಕರನ್ನು ಕೊಟ್ಟಿದ್ದರೆ ಅರ್ಧಕ್ಕರ್ಧ ವ್ಯಾನುಗಳು ಬರುತ್ತಿರಲಿಲ್ಲ ಎಂಬುದು ನನ್ನ ನಂಬಿಕೆ. 2014ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ, ಮಾತೃಭಾಷಾ ಮಾಧ್ಯಮವನ್ನು ಸರ್ಕಾರ ಹೇರುವಂತಿಲ್ಲ ಎಂದಿತು. ಆಮೇಲಾದರೂ ನಾವು ಕನ್ನಡ ಮಾಧ್ಯಮದಲ್ಲಿ ಒಳ್ಳೆಯ ಇಂಗ್ಲಿಷ್ ಕಲಿಸುವ ದಾರಿ ಹಿಡಿಯಬೇಕಿತ್ತು. 2019ರಲ್ಲಿ ಸಾವಿರ ಸರ್ಕಾರಿ ಶಾಲೆಗಳಲ್ಲಿ ಇಂಗ್ಲಿಷ್ ಮಾಧ್ಯಮವನ್ನೇ ತೆರೆದೆವು. ಕನ್ನಡದಲ್ಲಿ ಪಾಠ ಮಾಡಿ ಬಂದ ಶಿಕ್ಷಕರಿಗೆ ಕೆಲವು ದಿನಗಳ ತರಬೇತಿ ಕೊಟ್ಟು ಗಣಿತ, ವಿಜ್ಞಾನ ಇಂಗ್ಲಿಷಿನಲ್ಲಿ ಕಲಿಸಿ ಎಂದರೆ ಮಗುವಿಗೆ ವಿಷಯವೂ ಸಿಗುವುದಿಲ್ಲ, ಇಂಗ್ಲಿಷೂ ಸಿಗುವುದಿಲ್ಲ.

ವ್ಯಾನು ಕರೆದೊಯ್ಯುವುದು ಮಕ್ಕಳನ್ನು ಮಾತ್ರ ಅಲ್ಲ ಎಂಬುದು ನಾನು ಇವತ್ತು ಮುಖ್ಯವಾಗಿ ಹೇಳಬೇಕೆಂದು ಬಂದ ಮಾತು. ಊರಿನಲ್ಲಿ ನಾಲ್ಕು ಅಕ್ಷರ ಕಲಿತವರು, ಬಿಇಒ ಕಚೇರಿಗೆ ಫೋನು ಮಾಡಬಲ್ಲವರು, ಪಂಚಾಯತಿ ಸದಸ್ಯರು, ಅಂಗಡಿ ಇಟ್ಟವರು, ನೀರಾವರಿ ಜಮೀನಿನವರು, ಹೇಳಲು ಬೇಸರ, ಎಷ್ಟೋ ಕಡೆ ಶಿಕ್ಷಕರು ಕೂಡ, ತಮ್ಮ ಮಕ್ಕಳನ್ನು ಬೇರೆ ಕಡೆ ಸೇರಿಸಿದ್ದಾರೆ. ಮೊದಲು ಮೇಷ್ಟ್ರು ತಡವಾಗಿ ಬಂದರೆ ಗೌಡರೋ ಶಾನುಭೋಗರೋ ಕೇಳುತ್ತಿದ್ದರು, ಅವರ ಮಕ್ಕಳೂ ಅದೇ ಮಣೆಯ ಮೇಲೆ ಕೂರುತ್ತಿದ್ದರಲ್ಲ. ಈಗ ಕೇಳುವವರ ಮಕ್ಕಳು ಅಲ್ಲಿಲ್ಲ. ಉಳಿದಿರುವ ಮಕ್ಕಳ ಮನೆಯವರು ಬೆಳಗ್ಗೆ ಆರಕ್ಕೇ ಕೂಲಿಗೆ ಹೋಗುತ್ತಾರೆ. ಮೆಣಸಿನಕಾಯಿ ಬಿಡಿಸುವ ಕಾಲ ಬಂದರೆ ಮಕ್ಕಳನ್ನೂ ಹೊಲಕ್ಕೆ ಕರೆದುಕೊಂಡು ಹೋಗುತ್ತಾರೆ. ಕೂಡ್ಲಿಗಿ, ಹರಪನಹಳ್ಳಿ ಕಡೆಯವರು ಗುಳೆ ಹೊರಟರೆ ಮಗು ತಿಂಗಳುಗಟ್ಟಲೆ ಹಾಜರಿಯಲ್ಲೇ ಇರುವುದಿಲ್ಲ. ದನಿ ಇದ್ದವರು ಶಾಲೆ ಬಿಟ್ಟು ಹೋದರು. ದನಿ ಇಲ್ಲದವರ ಕೈಗೆ ಶಾಲೆ ಬಂತು. ಶಾಲೆ ಕೆಟ್ಟಿದ್ದರಿಂದ ಜನ ಬಿಟ್ಟರು ಎನ್ನುತ್ತಾರೆ. ಜನ ಬಿಟ್ಟಿದ್ದರಿಂದಲೂ ಶಾಲೆ ಕೆಟ್ಟಿತು.

ಸಂಖ್ಯೆ ಇಳಿದದ್ದೇ ತಡ, ಶಾಲೆ ವಿಲೀನದ ಮಾತು ಏಳುತ್ತದೆ. 2018ರ ಬಜೆಟ್ಟಿನಲ್ಲಿ 28,847 ಶಾಲೆಗಳನ್ನು ಹತ್ತಿರದ 8,530 ಶಾಲೆಗಳಿಗೆ ಸೇರಿಸುವ ಮಾತು ಬಂದಿತ್ತು. ಸಾಹಿತಿಗಳು ವಿರೋಧಿಸಿದರು. ಆ ಅಂಕಿಯನ್ನು ನಾವು ಮರೆಯಬಾರದು, ಯಾಕೆಂದರೆ ಆ ಯೋಚನೆ ಬೇರೆ ಬೇರೆ ಹೆಸರಿನಲ್ಲಿ ಮತ್ತೆ ಮತ್ತೆ ಬರುತ್ತದೆ. ಶಿಕ್ಷಣ ಹಕ್ಕು ಕಾಯ್ದೆಯ ನಿಯಮಗಳು ಐದನೇ ತರಗತಿಯವರೆಗಿನ ಮಗುವಿಗೆ ಒಂದು ಕಿಲೋಮೀಟರಿನೊಳಗೆ ಶಾಲೆ ಇರಬೇಕೆನ್ನುತ್ತವೆ. ನಕ್ಷೆಯ ಮೇಲೆ ಒಂದು ಕಿಲೋಮೀಟರು ಎಂದು ತೋರುವ ದಾರಿಯಲ್ಲಿ ಒಂದು ಹಳ್ಳವಿರಬಹುದು, ಅದಿರು ಲಾರಿ ಓಡುವ ಹೆದ್ದಾರಿ ಇರಬಹುದು. ಆರು ವರ್ಷದ ಹುಡುಗಿಯನ್ನು ಆ ದಾರಿಯಲ್ಲಿ ಒಬ್ಬಳೇ ಕಳಿಸುವ ತಾಯಿ ಇಲ್ಲ. ತಾಂಡಾದ ಶಾಲೆ, ಹಟ್ಟಿಯ ಶಾಲೆ ಮುಚ್ಚಿದರೆ ಆ ಮಕ್ಕಳಲ್ಲಿ ಕೆಲವರು ದೊಡ್ಡ ಶಾಲೆಗೆ ಹೋಗುತ್ತಾರೆ, ಕೆಲವರು ಕುರಿ ಹಿಂದೆ ಹೋಗುತ್ತಾರೆ.

ಹತ್ತು ಮಕ್ಕಳಿಗೆ ಒಬ್ಬ ಶಿಕ್ಷಕ ಐದೂ ತರಗತಿಗಳನ್ನು ನಡೆಸುವುದು ಕಷ್ಟ, ಒಪ್ಪುತ್ತೇನೆ. ಆ ಕಷ್ಟಕ್ಕೆ ಉತ್ತರ ಹುಡುಕಿದವರೂ ನಮ್ಮ ಶಿಕ್ಷಕರೇ. 1995ರಲ್ಲಿ ಹೆಗ್ಗಡದೇವನಕೋಟೆಯ ಕಾಡಂಚಿನ ಶಾಲೆಗಳಲ್ಲಿ, ರಿಷಿ ವ್ಯಾಲಿ ಶಾಲೆಯವರ ಕೆಲಸ ನೋಡಿ ಬಂದ ಸರ್ಕಾರಿ ಶಿಕ್ಷಕರು ಯುನಿಸೆಫ್ ನೆರವಿನಿಂದ ನಲಿ-ಕಲಿ ಕಟ್ಟಿದರು. ಬೇರೆ ಬೇರೆ ತರಗತಿಯ ಮಕ್ಕಳು ಒಂದೇ ಕೋಣೆಯಲ್ಲಿ ಕುಳಿತು, ತಮ್ಮ ತಮ್ಮ ಮಟ್ಟದ ಕಾರ್ಡು ತೆಗೆದುಕೊಂಡು, ಒಬ್ಬರಿಗೊಬ್ಬರು ಹೇಳಿಕೊಡುತ್ತ ಕಲಿಯುವ ಆ ಕ್ರಮ ಮುಂದೆ ಇಡೀ ರಾಜ್ಯಕ್ಕೆ ಬಂತು. ಕ್ಯಾಂಬೆಲ್ ಕಂಡ ಬಳ್ಳಾರಿಯ ಐಗಳ ಶಾಲೆಯಲ್ಲಿ ದೊಡ್ಡವರು ಚಿಕ್ಕವರಿಗೆ ಹೇಳಿಕೊಡುತ್ತಿದ್ದುದು ನೆನಪಾಗುತ್ತದೆ. ಸಣ್ಣ ಶಾಲೆ ನಡೆಯಲಾರದು ಎಂಬುದು ಸುಳ್ಳು. ಕಾಯಂ ಶಿಕ್ಷಕರಿಲ್ಲದೆ, ವರ್ಷವರ್ಷವೂ ಅತಿಥಿ ಶಿಕ್ಷಕರ ಮೇಲೆ ಹೊರೆ ಹಾಕಿ, ಯಾವ ಶಾಲೆಯೂ ನಡೆಯಲಾರದು ಎಂಬುದು ನಿಜ. ಊರಿನ ಹಳೆಯ ವಿದ್ಯಾರ್ಥಿಗಳು ದುಡ್ಡು ಕೂಡಿಸಿ ಗೋಡೆಗೆ ರೈಲಿನ ಬಣ್ಣ ಹೊಡೆಸುತ್ತಾರೆ, ಸ್ಮಾರ್ಟ್ ಟಿವಿ ಕೊಡಿಸುತ್ತಾರೆ. ಒಳ್ಳೆಯದೇ, ಮಕ್ಕಳಿಗೆ ಖುಷಿ. ಅದೇ ಹಳೆಯ ವಿದ್ಯಾರ್ಥಿಗಳು ಖಾಲಿ ಹುದ್ದೆ ತುಂಬಿ ಎಂದು ಒಂದು ಅರ್ಜಿ ಬರೆದು ಬೆನ್ನು ಹತ್ತಿದರೆ ಇನ್ನೂ ಒಳ್ಳೆಯದು.

ಆ ಬೆನ್ನು ಹತ್ತುವ ಅಧಿಕಾರ ಕಾನೂನಿನಲ್ಲೇ ಇದೆ. ಕರ್ನಾಟಕ 2001ರಲ್ಲೇ ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿ, ನಾವೆಲ್ಲ ಎಸ್‌ಡಿಎಂಸಿ ಎನ್ನುತ್ತೇವಲ್ಲ, ಅದನ್ನು ಮಾಡಿತು. 2010ರಲ್ಲಿ ಜಾರಿಗೆ ಬಂದ ಶಿಕ್ಷಣ ಹಕ್ಕು ಕಾಯ್ದೆಯ 21ನೇ ಸೆಕ್ಷನ್ ಇಂಥ ಸಮಿತಿಗಳನ್ನು ದೇಶಕ್ಕೆಲ್ಲ ತಂದಿತು. ಮುಕ್ಕಾಲು ಪಾಲು ಸದಸ್ಯರು ಪೋಷಕರೇ ಆಗಿರಬೇಕು, ಸಮಿತಿಯಲ್ಲಿ ಅರ್ಧ ಭಾಗ ಹೆಂಗಸರಿರಬೇಕು. ಶಾಲೆಗೆ ಬಂದ ಹಣ ಹೇಗೆ ಖರ್ಚಾಯಿತು ಎಂದು ನೋಡುವುದು, ಶಾಲೆಯ ಅಭಿವೃದ್ಧಿ ಯೋಜನೆ ಬರೆಯುವುದು, ಶಾಲೆ ಹೇಗೆ ನಡೆಯುತ್ತಿದೆ ಎಂದು ಮೇಲ್ವಿಚಾರಣೆ ಮಾಡುವುದು, ಇವೆಲ್ಲ ಆ ಸಮಿತಿಯ ಕೆಲಸ. ಕಾಗದದ ಮೇಲೆ ಶಾಲೆ ಊರಿನದೇ. ಆದರೆ ಸಭೆ ಕರೆಯುವುದು ಹಗಲು ಹನ್ನೊಂದಕ್ಕೆ. ಕೂಲಿಯ ತಾಯಿ ಬಂದರೆ ಆ ದಿನದ ಕೂಲಿ ಹೋಯಿತು. ಬರದಿದ್ದರೆ ವಹಿಯನ್ನು ಮನೆಗೆ ಕಳಿಸಿ ಹೆಬ್ಬೆಟ್ಟು ಒತ್ತಿಸಿಕೊಳ್ಳುತ್ತಾರೆ. ಸಭೆಯನ್ನು ಸಂಜೆ ಏಳಕ್ಕೆ, ಊರು ಹೊಲದಿಂದ ಬಂದ ಮೇಲೆ ಇಡಿ. ಶಿಕ್ಷಕರಿಗೆ ಅದು ತೊಂದರೆ, ಗೊತ್ತು. ತಿಂಗಳಿಗೆ ಒಂದು ಸಂಜೆ, ಊರಿನ ಒಬ್ಬರು ಬೈಕಿನಲ್ಲಿ ಅವರನ್ನು ಬಸ್‌ಸ್ಟ್ಯಾಂಡಿಗೆ ಬಿಟ್ಟು ಬಂದರಾಯಿತು.

ದತ್ತಿ ಇಟ್ಟ ಹಿರಿಯರಲ್ಲಿ ನನ್ನದೊಂದು ಬಿನ್ನಹ. ಮುಂದಿನ ವರ್ಷದ ಉಪನ್ಯಾಸವನ್ನು ತಾಲ್ಲೂಕಿನ ಯಾವುದಾದರೂ ಕಿರಿಯ ಪ್ರಾಥಮಿಕ ಶಾಲೆಯ ಅಂಗಳದಲ್ಲಿ ಇಡಿಸಿ, ಊರವರು ಕೇಳಲಿ. ಶಿಕ್ಷಕ ಬಂಧುಗಳಲ್ಲಿ ಕೇಳಿಕೊಳ್ಳುವುದು: ಸಾಧ್ಯವಿದ್ದವರು ನಿಮ್ಮ ಮಗುವನ್ನು ನೀವು ಪಾಠ ಮಾಡುವ ಶಾಲೆಯಂಥ ಶಾಲೆಗೇ ಸೇರಿಸಿ, ನಿಮ್ಮ ನಂಬಿಕೆ ನೋಡಿ ಊರು ನಂಬುತ್ತದೆ. ಸಭೆಯಲ್ಲಿರುವ ಉಳಿದ ಎಲ್ಲರಿಗೂ ನನ್ನ ಮಾತು ಇಷ್ಟೇ. ಮಗು ಅಲ್ಲಿ ಓದುತ್ತಿದ್ದರೂ ಸರಿ, ಓದದಿದ್ದರೂ ಸರಿ, ನಾಳೆ ಬೆಳಗ್ಗೆ ನಿಮ್ಮೂರ ಶಾಲೆಗೆ ಹೋಗಿ, ಎಷ್ಟು ಮಕ್ಕಳಿದ್ದಾರೆ, ಎಷ್ಟು ಶಿಕ್ಷಕರು ಬೇಕು, ಎಸ್‌ಡಿಎಂಸಿಯ ಮುಂದಿನ ಸಭೆ ಯಾವತ್ತು ಎಂದು ಮುಖ್ಯೋಪಾಧ್ಯಾಯರನ್ನು ಕೇಳಿ. ಆ ಸಭೆಗೆ ಹೋಗಿ ಕುಳಿತುಕೊಳ್ಳಿ.